ಕನ್ನಡಕದ ಅಂಗಡಿಯ ಹೊಸ ಅಕ್ಷರಗಳು

ಅವಳು ಅಷ್ಟು ಜೋರಾಗಿ ಮಾತಾಡಿದ್ದೇ ತಪ್ಪಾಯಿತು.

ಕನ್ನಡಕದ ಅಂಗಡಿಯ ಒಳಕೋಣೆಯಲ್ಲಿ, ಎತ್ತರದ ಕುರ್ಚಿಯ ಮೇಲೆ ವಯಸ್ಸಾದ ಹೆಂಗಸೊಬ್ಬರು ಕೂತಿದ್ದರು. ಪಕ್ಕದಲ್ಲಿ ಅವರ ಮಗ. ಉಡುಪು ನೋಡಿದರೇ ತಿಳಿಯುತ್ತಿತ್ತು, ರೈಲು ಹಳಿಯ ಆಚೆಗಿನ ಓಣಿಯವರು, ಬೇರೆ ದೇಶದಿಂದ ಬಂದು ನೆಲೆಸಿದವರು ಎಂದು.

"ಅಮ್ಮನಿಗೆ... ಹೇಳಿ... ಮೇಲಿನ ಸಾಲು... ಓದಲಿ!" ಎಂದು ಕಣ್ಣು ಪರೀಕ್ಷೆ ಮಾಡುತ್ತಿದ್ದ ಅವಳು ಒಂದೊಂದೇ ಪದ ಬಿಡಿಸಿ ಕೂಗಿದಳು. ಜೊತೆಗೆ ಕೈಸನ್ನೆ ಬೇರೆ.

ಅವನು ಎದೆಯ ಮೇಲೆ ಕೈ ಇಟ್ಟುಕೊಂಡ. "ಅಯ್ಯೋ ನನ್ನ ಕಂದಾ, ಹಾಗೆ ಕಿರುಚಬೇಡಮ್ಮ, ಎದೆ ಝಲ್ ಅಂತು. ಕಿವಿ ಚೆನ್ನಾಗೇ ಇದೆ. ಮಂಡಿ ಒಂದೇ ಹಿಡ್ಕೊಂಡಿರೋದು."

ಅವಳ ಕೈ ಗಾಳಿಯಲ್ಲೇ ನಿಂತಿತು. ಅವಳದೇ ವಯಸ್ಸಿನ ಗಂಡಸು. ಅಗಲ ಭುಜ, ಗಡ್ಡ, ಉಗುರಿನ ಸಂದಿಯಲ್ಲಿ ನೀಲಿ ಬಣ್ಣ. ಬಾಯಿ ಬಿಟ್ಟರೆ ಮುದುಕಿ.

"ಗೇಲಿ ಮಾಡ್ತಿದ್ದೀರಾ?"

"ಯಾಕೆ ಮಾಡ್ಲಿ ತಾಯಿ? ನೂರು ಕಾಲ ಬಾಳು ನೀನು." ಅವನು ನಿಜಕ್ಕೂ ಗಾಬರಿಯಾಗಿದ್ದ. ಅವಳ ಮುಖ ಕೆಂಪಾಗುವುದನ್ನು ಕಂಡು ಸ್ವರ ತಗ್ಗಿಸಿದ. "ನಾನು ಮೊದಲು ಬಾಡಿಗೆಗಿದ್ದ ಮನೆಯ ಅಜ್ಜಿ ನಂಗೆ ನಿಮ್ಮ ಭಾಷೆ ಕಲಿಸಿದ್ದು. ಬೇರೆ ಥರ ಮಾತಾಡೋಕೆ ಬರಲ್ಲ."

ನಗು ತಡೆಯಲು ಅವಳು ಲೆನ್ಸ್ ಒರೆಸುವ ಬಟ್ಟೆಯನ್ನು ಬಾಯಿಗೆ ಒತ್ತಿಕೊಳ್ಳಬೇಕಾಯಿತು.

ಅಷ್ಟರಲ್ಲಿ ಕುರ್ಚಿಯಲ್ಲಿದ್ದ ಅವನ ತಾಯಿ ಗೋಡೆಯ ಚಾರ್ಟ್ ತೋರಿಸಿ ಏನೋ ಕೇಳಿದರು. ಅವನು ತುಸು ಅಳುಕುತ್ತಲೇ ಹೇಳಿದ. "ಅಮ್ಮ ಕೇಳ್ತಿದ್ದಾಳೆ, ಅವಳಿಗೆ ಗೊತ್ತಿರೋ ಅಕ್ಷರ ಅಲ್ಲಿ ಒಂದೂ ಇಲ್ಲವಂತೆ. ಇದು ಕಣ್ಣಿನ ಪರೀಕ್ಷೆನೋ, ಶಾಲೆ ಪರೀಕ್ಷೆನೋ ಅಂತ."

ಹೊರಗಿನ ಕೌಂಟರಿನಿಂದ ಅಪ್ಪನ ದನಿ ಬಂತು. "ಓದೋಕೆ ಬಾರದವರಿಗೆ ಚುಕ್ಕಿ ಚಾರ್ಟ್ ತೋರಿಸಿ ಕಳಿಸಮ್ಮ."

"ಓದೋಕೆ ಬರುತ್ತೆ ಯಜಮಾನ್ರೇ," ಎಂದ ಅವನು, ಗೌರವ ಬಿಡದೆ, ತಲೆಯನ್ನೂ ತಗ್ಗಿಸದೆ. "ಕಾದಂಬರಿ ಕೈಗೆ ಸಿಕ್ಕಿದ್ರೆ ಊಟಕ್ಕೂ ಏಳಲ್ಲ ಇವಳು. ಈಗ ಅಕ್ಷರ ಮಸುಕಾಗಿ ಅಳ್ತಾಳೆ, ಅದಕ್ಕೇ ಕರ್ಕೊಂಡ್ಬಂದೆ."

ಅವಳ ನಗು ಹಾರಿಹೋಯಿತು. ಓಣಿಯ ಎಷ್ಟು ಜನ ಈ ಕುರ್ಚಿಯಲ್ಲಿ ಕೂತು, ತಲೆ ಆಡಿಸಿ, ಸರಿಯಿಲ್ಲದ ಕನ್ನಡಕ ಹಾಕಿಕೊಂಡು ಹೋಗಿರಬಹುದು?

"ನಿಮ್ಮ ಅಕ್ಷರಗಳನ್ನ ನಂಗೆ ಬರೆದುಕೊಡ್ತೀರಾ? ಅಳತೆ ನಾನು ಹೇಳ್ತೀನಿ."

ಅವನು ಮೊದಲ ಬಾರಿ ಅವಳನ್ನು ನೇರವಾಗಿ ನೋಡಿದ. ಆಮೇಲೆ ಉಗುರಿನ ನೀಲಿಯನ್ನು ತೋರಿಸಿ ನಕ್ಕ. "ಸರಿಯಾದವನನ್ನೇ ಕೇಳಿದೆ ಕಣಮ್ಮ. ನಾನು ಬೋರ್ಡ್ ಬರೆಯೋನು. ನಿಮ್ಮ ಅಂಗಡಿಯ ಬೋರ್ಡೂ ನಂದೇ."

ದಿನವೂ ಆ ಬೋರ್ಡಿನ ಕೆಳಗೇ ಒಳಗೆ ಬರುತ್ತಿದ್ದಳು. ಬರೆದವರು ಯಾರೆಂದು ಒಮ್ಮೆಯೂ ಕೇಳಿರಲಿಲ್ಲ.

*

ಚಾರ್ಟ್ ಬರೆಯಲು ಅವನು ಬಿಡುವಾದಾಗಲೆಲ್ಲ ಬಂದ. ಅವಳು ಅವನಿಗೆ 'ಅಜ್ಜಿ' ಎಂದು ಹೆಸರಿಟ್ಟಳು.

"ಅಜ್ಜಿ, ಈ ಅಕ್ಷರ ಏನು? ಆಕಳಿಸ್ತಿರೋ ಬೆಕ್ಕಿನ ಹಾಗಿದೆ."

"ಬೆಕ್ಕಲ್ಲ ಕಂದಾ, ಗಂಟಲಿಂದ ಬರಬೇಕು ಅದು." ಅವನು ಹೇಳಿ ತೋರಿಸಿದ. ಅವಳು ಹೇಳಿದಳು. ಅವನು ಕಣ್ಣು ಮುಚ್ಚಿ, ನೋವಾದವನಂತೆ ಮುಖ ಮಾಡಿದ.

"ಅಷ್ಟು ಕೆಟ್ಟದಾಗಿತ್ತಾ?"

"ಪಾಪ, ನೆಗಡಿಯಾದ ಬೆಕ್ಕು."

ಅವಳು ಸ್ಕೇಲಿನಿಂದ ಅವನ ತೋಳಿಗೆ ಬಡಿದಳು. ಬಡಿದ ಸ್ಕೇಲನ್ನು ಅವನು ಹಿಡಿದುಕೊಂಡ. ಒಂದು ತುದಿ ಅವನ ಕೈಯಲ್ಲಿ, ಇನ್ನೊಂದು ಅವಳ ಕೈಯಲ್ಲಿ. ಇಬ್ಬರೂ ಬಿಡಲಿಲ್ಲ, ಇಬ್ಬರೂ ಎಳೆಯಲಿಲ್ಲ.

ಸಣ್ಣ ಅಕ್ಷರ ಬರೆಯುವಾಗ ಅವನು ಹಲಗೆಗೆ ಮೂಗು ತಾಗಿಸುತ್ತಿದ್ದುದನ್ನು ಕಂಡು, ಒಂದು ಮಧ್ಯಾಹ್ನ ಅವನನ್ನೇ ಕುರ್ಚಿಯಲ್ಲಿ ಕೂರಿಸಿದಳು. ದೀಪ ಆರಿಸಿ, ಪುಟ್ಟ ಟಾರ್ಚ್ ಹಿಡಿದು ಅವನ ಕಣ್ಣಿನೊಳಗೆ ಬಗ್ಗಿದಳು. ದಿನವಿಡೀ ಮಾಡುವ ಕೆಲಸವೇ. ಎಷ್ಟೋ ಜನರ ಕಣ್ಣಿಗೆ ಇಷ್ಟೇ ಹತ್ತಿರ ಹೋಗಿದ್ದಳು. ಯಾವ ಕಣ್ಣನ್ನು ಮೊದಲು ನೋಡಬೇಕೆಂದು ಮರೆತದ್ದು ಈಗಲೇ.

"ರೆಪ್ಪೆ ಮಿಟುಕಿಸಬೇಡಿ."

"ನೀನು ಇಷ್ಟು ಹತ್ತಿರ ಬಂದ್ರೆ ರೆಪ್ಪೆ ನನ್ನ ಮಾತು ಕೇಳಲ್ಲ ಕಂದಾ."

"ಕಂದಾ ಅನ್ನಬೇಡಿ."

"ಮತ್ತೇನನ್ನಲಿ?"

ಕತ್ತಲಲ್ಲಿ ಅವನ ಉಸಿರು ಅವಳ ಗಲ್ಲಕ್ಕೆ ತಾಗುತ್ತಿತ್ತು. ಉತ್ತರ ನಾಲಿಗೆ ತುದಿಯಲ್ಲೇ ಇತ್ತು. ಅವಳು ಟಾರ್ಚ್ ಆರಿಸಿ, ದೀಪ ಹಾಕಲು ಸ್ವಿಚ್ ಹುಡುಕುತ್ತಾ ತಡಕಾಡಿದಳು. ಕೊನೆಗೆ ಅವನೇ ಎದ್ದು ದೀಪ ಹಾಕಬೇಕಾಯಿತು.

*

ಚಾರ್ಟ್ ಗೋಡೆಗೆ ಬಂತು. ಅವನ ತಾಯಿ ಅದರ ಮುಂದೆ ಕೂತು, ಮೇಲಿನ ಸಾಲಿನಿಂದ ಓದುತ್ತಾ ಓದುತ್ತಾ ಕೆಳಗಿಳಿದರು. ಯಾವ ಅಕ್ಷರದಲ್ಲಿ ತಡವರಿಸಿದರೆಂದು ಅವಳಿಗೆ ಯಾರೂ ಹೇಳದೆಯೇ ಗೊತ್ತಾಯಿತು. ಸರಿಯಾದ ಲೆನ್ಸ್ ಕೂರಿಸಿದಾಗ ಆಕೆ ಅವಳ ಕೆನ್ನೆ ಹಿಡಿದು ಏನೋ ಹೇಳಿದರು.

"ಏನಂದ್ರು?"

"ಚೆನ್ನಾಗಿದ್ದೀಯ ಅಂತೆ. ಇಷ್ಟು ದಿನ ಮಸುಕಾಗಿ ಕಾಣ್ತಿದ್ದೆಯಂತೆ."

ಸುದ್ದಿ ಹಳಿ ದಾಟಿತು. ಓಣಿಯ ಜನ ಒಬ್ಬೊಬ್ಬರಾಗಿ ಬರತೊಡಗಿದರು. ಆಮೇಲೆ ಗುಂಪಾಗಿ ಬಂದರು. ಅವರೊಂದಿಗೆ ಮಾತಾಡಲೆಂದು ಅವಳು ಅಕ್ಷರದ ಜೊತೆ ಭಾಷೆಯನ್ನೂ ಅವನಿಂದ ಕಲಿಯತೊಡಗಿದಳು. ಹೊರಗಿನ ಬೆಂಚಿನ ಮೇಲೆ ಎರಡು ಭಾಷೆಯ ಹೆಂಗಸರು ಭುಜಕ್ಕೆ ಭುಜ ತಾಗಿಸಿ ಕೂರಬೇಕಾಯಿತು. ಮೊದಮೊದಲು ಮುಖ ತಿರುಗಿಸಿದರು. ಬರಬರುತ್ತಾ ಒಬ್ಬರ ಸೊಸೆಯ ಮೇಲಿನ ದೂರನ್ನು ಇನ್ನೊಬ್ಬರು ಸನ್ನೆಯಲ್ಲೇ ಅರ್ಥ ಮಾಡಿಕೊಂಡು ಲೊಚಗುಟ್ಟಿದರು.

ಬೀದಿಯ ಎಲ್ಲರಿಗೂ ಇದು ಹಿಡಿಸಲಿಲ್ಲ. ವ್ಯಾಪಾರಿಗಳ ಸಂಘದ ಅಧ್ಯಕ್ಷ, ಎದುರಿನ ಚಪ್ಪಲಿ ಅಂಗಡಿಯವನು, ಅಪ್ಪನ ಕಿವಿಯಲ್ಲಿ ಊದಿದ. "ಇವತ್ತು ಗೋಡೆ ಮೇಲೆ ಅವರ ಅಕ್ಷರ. ನಾಳೆ ಬೀದಿ ತುಂಬ ಅವರೇ. ನೋಡ್ತಿರಿ."

ಮಾರನೆಯ ದಿನ ಚಾರ್ಟ್ ಗೋಡೆಯ ಮೇಲಿರಲಿಲ್ಲ. ಬೀರುವಿನ ಹಿಂದೆ ಸಿಕ್ಕಿತು. ಅವಳು ಧೂಳು ಒರೆಸಿ ಮತ್ತೆ ಅಲ್ಲೇ ತೂಗುಹಾಕಿದಳು.

"ಜನ ಏನಂದುಕೊಳ್ತಾರಮ್ಮ?" ಎಂದರು ಅಪ್ಪ.

"ಇದನ್ನ ಇಳಿಸಿದ್ರೆ ನಾನೂ ಕಣ್ಣು ನೋಡಲ್ಲ ಅಪ್ಪ. ನೀವೇ ನೋಡ್ಕೊಳ್ಳಿ."

ಅಪ್ಪನಿಗೆ ಕೈ ನಡುಕ ಶುರುವಾಗಿ ಬಹಳ ದಿನಗಳಾಗಿದ್ದವು. ಅವರು ಗೊಣಗಿಕೊಂಡು ಸುಮ್ಮನಾದರು.

ಆದರೆ ಚಪ್ಪಲಿ ಅಂಗಡಿಯವನು ಸುಮ್ಮನಾಗುವ ಪೈಕಿಯವನಲ್ಲ. ರೈಲ್ವೆ ಮೇಲ್ಸೇತುವೆಯ ಮೇಲೆ ಅವಳೂ ಬೋರ್ಡ್ ಬರೆಯುವವನೂ ಒಂದೇ ಲೋಟದಲ್ಲಿ ಟೀ ಕುಡಿಯುತ್ತಿದ್ದುದನ್ನು ನೋಡಿ, ಅದಕ್ಕೆ ಉಪ್ಪು ಖಾರ ಸೇರಿಸಿ ಅಪ್ಪನಿಗೆ ಹೇಳಿದ. ಸಂಜೆ ಅಪ್ಪ ಅಂಗಡಿಯ ಶಟರ್ ಅರ್ಧ ಎಳೆದು, ಅವಳ ಎದುರು ಕೂತರು.

"ಚಾರ್ಟ್ ಇರಲಿ. ಹುಡುಗ ಬೇಡ."

"ಅವರ ಅಕ್ಷರ ಆಗುತ್ತೆ, ಅವರು ಆಗಲ್ವಾ?"

"ಎದುರು ಮಾತಾಡಬೇಡ. ಅವನ ಭಾಷೆ ಬೇರೆ, ನಡೆ ಬೇರೆ, ನುಡಿ ಬೇರೆ. ಅವರನ್ನೆಲ್ಲ ಬಿಟ್ಟು ಬರ್ತಾನಾ? ಹೆಸರು ಬದಲಾಯಿಸ್ಕೊಂಡು ನಮ್ಮ ಹಾಗೆ ಇರ್ತಾನಾ? ಹಾಗಾದ್ರೆ ಯೋಚನೆ ಮಾಡ್ತೀನಿ."

ಅಪ್ಪ ಕೆಟ್ಟವರಲ್ಲ. ಹಾಗೆ ಕೇಳುವುದು ದೊಡ್ಡ ಉಪಕಾರ ಎಂದೇ ಅವರು ನಂಬಿದ್ದರು. ಅವಳಿಗೆ ನೋವಾದದ್ದು ಅದರಿಂದಲೇ.

*

ಮರುದಿನ ಅವಳು ಹಳಿ ದಾಟಿ ಅವನ ಮನೆಗೆ ಹೋದಳು. ಕಿರಿದಾದ ಮೆಟ್ಟಿಲು, ಬಣ್ಣದ ಡಬ್ಬಿಗಳು, ಕಿಟಕಿಯ ಬಳಿ ಮಡಚಿಟ್ಟ ಕಾದಂಬರಿ. ಅವನ ತಾಯಿ ಹೊಸ ಕನ್ನಡಕದೊಳಗಿಂದ ಅವಳನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. ಟೀ ಕೊಟ್ಟು, ಬೆನ್ನು ಸವರಿ, ಆಮೇಲೆ ನಿಧಾನವಾಗಿ ಮಾತಾಡಿದರು.

"ಟೀ ಆರೋಗುತ್ತೆ, ಕುಡಿ ಅಂತಿದ್ದಾಳೆ," ಎಂದ ಅವನು, ನೆಲ ನೋಡುತ್ತಾ.

"ಸುಳ್ಳು ಹೇಳಬೇಡಿ. ನಂಗೆ ಅರ್ಥವಾಯ್ತು."

ಆಕೆ ಹೇಳಿದ್ದು ಬೇರೆಯೇ. ಈ ಮನೆಗೆ ನೀನು ಯಾವಾಗ ಬೇಕಾದರೂ ಬಾ. ಸೊಸೆಯಾಗಿ ಬರುವುದಾದರೆ ಮಾತ್ರ ನಮ್ಮವಳಾಗಿ ಬಾ, ನಿನ್ನವರನ್ನು ಹೊಸ್ತಿಲಾಚೆ ಬಿಟ್ಟು ಬಾ.

ಅಪ್ಪನ ಮಾತೇ. ಉಚ್ಚಾರ ಮಾತ್ರ ಬೇರೆ.

ಅವಳು ಲೋಟ ಕೆಳಗಿಟ್ಟಳು. ಅವನ ಭಾಷೆಯಲ್ಲೇ, ಪದಕ್ಕೆ ಪದ ಜೋಡಿಸುತ್ತಾ ಹೇಳಿದಳು. "ನಾನು ಬಂದರೆ ನಾನಾಗೇ ಬರ್ತೀನಿ ಅಮ್ಮ. ನಿಮ್ಮನ್ನ ಬದಲಾಗಿ ಅಂತ ನಾನು ಕೇಳಲ್ಲ. ನೀವೂ ಕೇಳಬೇಡಿ."

ಕಲಿತದ್ದು ಅವನಿಂದಲ್ಲವೇ, ಕ್ರಿಯಾಪದವೆಲ್ಲ ಗಂಡಸರು ಆಡುವ ರೀತಿಯಲ್ಲೇ ಬಂತು. ಆಕೆಯ ತುಟಿ ಒಮ್ಮೆ ಅದುರಿತು. ನಗು ಬಂದಿತ್ತೋ ಏನೋ, ಥಟ್ಟನೆ ಕಿಟಕಿಯ ಕಡೆ ತಿರುಗಿಬಿಟ್ಟರು.

ಅವನು ಅವಳನ್ನು ಬಿಡಲು ಮೇಲ್ಸೇತುವೆಯವರೆಗೆ ಬಂದ. ಅವಳು ಅಪ್ಪನ ಷರತ್ತನ್ನು ಹೇಳಿದಾಗ ಕಂಬಿ ಹಿಡಿದು ಹಳಿಯತ್ತ ಬಗ್ಗಿದ.

"ಅವರು ಹೇಳಿದ್ದನ್ನೆಲ್ಲ ಮಾಡಬಲ್ಲೆ. ಹೆಸರು ಬದಲಾಯಿಸ್ತೀನಿ, ಅಮ್ಮನ ಜೊತೆ ನಿಮ್ಮ ಭಾಷೇಲೇ ಮಾತಾಡ್ತೀನಿ, ಹಳಿ ಈ ಕಡೆ ಮನೆ ಮಾಡ್ತೀನಿ. ಆಮೇಲೆ ನೀನು ಮದುವೆಯಾಗೋದು ಯಾರನ್ನ?"

"ಮಾಡಿ ಅಂತ ಯಾರು ಕೇಳಿದ್ದು? ನಂಗೆ ಬೇಡ. ನೀವು ಹೀಗೇ ಬೇಕು."

"ಹಾಗಾದ್ರೆ ನಿಂಗೆ ಆ ಮನೆಯೂ ಇಲ್ಲ, ಈ ಮನೆಯೂ ಇಲ್ಲ. ನಿನ್ನನ್ನ ಬೀದಿಗೆ ತರೋಕೆ ನಂಗೆ ಮನಸ್ಸಿಲ್ಲ ಕಂದಾ." ಕೆಳಗೆ ರೈಲು ಹೋಯಿತು. ಅದರ ಸದ್ದು ನಿಲ್ಲುವ ಮೊದಲೇ ಅವನು ಬೆನ್ನು ತಿರುಗಿಸಿ ನಡೆದ.

ಆಮೇಲೆ ಅವನು ಅಂಗಡಿಯ ಕಡೆ ಸುಳಿಯಲಿಲ್ಲ. ಅವಳು ಎರಡು ಸಲ ಹೋದರೂ ಮನೆಯಲ್ಲಿ ಸಿಗಲಿಲ್ಲ. ಅಪ್ಪ ನಿರಾಳವಾಗಿ ಉಸಿರಾಡಿದರು. ಚಪ್ಪಲಿ ಅಂಗಡಿಯವನು ಅವಳಿಗೆ ನಮಸ್ಕಾರ ಮಾಡುವಷ್ಟು ಸಭ್ಯನಾದ. ಆ ನಮಸ್ಕಾರ ಕಂಡಾಗಲೆಲ್ಲ ಅವಳ ಮೈ ಉರಿಯುತ್ತಿತ್ತು.

*

ಬೀದಿಯ ಮೂಲೆಯ ಮೂರಂತಸ್ತಿನ ಬಟ್ಟೆ ಅಂಗಡಿಗೆ ಹೊಸ ಬೋರ್ಡ್ ಬರೆಯುವುದಿತ್ತು. ಕಟ್ಟಡಕ್ಕೆ ಸಾರುವೆ ಕಟ್ಟಿ, ಮೇಲೆ ಹಲಗೆ ಹಾಸಿದ್ದರು. ನಡುಮಧ್ಯಾಹ್ನ, ಬೀದಿ ಕಿಕ್ಕಿರಿದಿದ್ದಾಗ, ಅವಳು ಅಂಗಡಿಯ ಬಾಗಿಲಿಗೆ ಬಂದು ತಲೆ ಎತ್ತಿದಳು. ಹಲಗೆಯ ಮೇಲೆ ಅವನ ಬೆನ್ನು ಕಂಡಿತು.

ಸುತ್ತ ನೋಡಿದಳು. ಹೂವಿನ ಅಂಗಡಿ, ಟೀ ಅಂಗಡಿ, ಚಪ್ಪಲಿ ಅಂಗಡಿ. ಇವರೆಲ್ಲರ ಕಣ್ಣಿಗೆ ಹೆದರಿ ಎಷ್ಟು ದಿನ ಮೇಲ್ಸೇತುವೆ ಹತ್ತಿದ್ದು! ಅವಳು ಬಿಳಿ ಕೋಟನ್ನೂ ಬಿಚ್ಚದೆ ನೆಟ್ಟಗೆ ಹೋಗಿ ಏಣಿಗೆ ಕಾಲಿಟ್ಟಳು.

"ಅಯ್ಯೋ, ಬೀಳ್ತೀಯ! ಇಳಿಯೇ ತಾಯಿ, ಇಳಿ!" ಅವನು ಬ್ರಶ್ ಬಿಸಾಡಿ ಕೈ ಚಾಚಿದ.

ಅವಳು ಆ ಕೈ ಹಿಡಿದು ಹಲಗೆಯ ಮೇಲೆ ಬಂದಳು. ಕೈ ಬಿಡಲಿಲ್ಲ. ಕೆಳಗೆ ನೋಡದೆ, ಸಿಟ್ಟಿನಲ್ಲೇ ಕೇಳಿದಳು.

"ನನ್ನ ಬಗ್ಗೆ ನೀನೊಬ್ಬನೇ ಹೇಗೆ ತೀರ್ಮಾನ ಮಾಡಿದೆ?"

ಅವಳು ಅವನನ್ನು 'ನೀನು' ಎಂದದ್ದು ಅದೇ ಮೊದಲು. ಅವನ ಕಿವಿಯವರೆಗೂ ಕೆಂಪೇರಿತು.

"ಎಲ್ಲ ನೋಡ್ತಿದ್ದಾರೆ."

"ನೋಡಲಿ. ಸರಿಯಾಗಿ ಕಾಣಿಸದೇ ಇದ್ದವರು ಅಂಗಡಿಗೆ ಬರಲಿ, ಟೆಸ್ಟ್ ಮಾಡ್ತೀನಿ." ಅವಳು ಬೇಕೆಂದೇ ದನಿ ಏರಿಸಿದಳು. ಕೆಳಗೆ ಟೀ ಅಂಗಡಿಯಲ್ಲಿ ಯಾರೋ ನಕ್ಕರು. "ಅಪ್ಪನಿಗೆ ಬೇಕಾದ ಹಾಗೆ ನೀನಾಗಬೇಡ. ನಿಮ್ಮಮ್ಮನಿಗೆ ಬೇಕಾದ ಹಾಗೆ ನಾನಾಗಲ್ಲ. ನಂಗೆ ಅರ್ಥವಾಗದ್ದನ್ನ ನೀನು ಹೇಳಿಕೊಡು, ನಿಂಗೆ ಅರ್ಥವಾಗದ್ದಕ್ಕೆ ನಾನಿದ್ದೀನಿ. ಜಗಳವಾದ್ರೆ ಎರಡು ಭಾಷೇಲೂ ಆಡೋಣ. ಆದ್ರೆ ನನ್ನ ಒಳ್ಳೇದಕ್ಕೆ ಅಂತ ನನ್ನನ್ನ ಬಿಟ್ಟು ಹೋಗಬೇಡ. ಆ ಒಳ್ಳೇದು ನಂಗೆ ಬೇಡವೇ ಬೇಡ."

ಅವನು ಅವಳನ್ನೇ ನೋಡುತ್ತಿದ್ದ. ಈ ಸಲ ಅಜ್ಜಿಯ ಮಾತು ಸಾಲದಾಯಿತು. ತನ್ನ ಭಾಷೆಯಲ್ಲೇ, ತಗ್ಗಿದ ದನಿಯಲ್ಲಿ ಒಂದು ಮಾತು ಹೇಳಿದ. ಆ ಮಾತನ್ನು ಅವನು ಅವಳಿಗೆ ಎಂದೂ ಕಲಿಸಿರಲಿಲ್ಲ. ಅರ್ಥ ಕೇಳುವ ಅಗತ್ಯ ಅವಳಿಗೆ ಬೀಳಲಿಲ್ಲ. ಅದನ್ನೇ ತಿರುಗಿ ಹೇಳಿದಳು. ಉಚ್ಚಾರ ಕೆಟ್ಟಿತು. ಅವನು ತಿದ್ದಲಿಲ್ಲ.

"ಕೆಳಗಿಳಿ!" ಅಪ್ಪ ಬೀದಿಯ ನಡುವೆ ನಿಂತು ಕೂಗುತ್ತಿದ್ದರು. "ಇಳೀತೀಯೋ ಇಲ್ವೋ?"

"ಇಳೀತೀವಿ ಅಪ್ಪ," ಎಂದಳು ಅವಳು. "ಇಬ್ರೂ."

*

ಅವರಿಬ್ಬರೂ ನೋಂದಣಿ ಕಚೇರಿಯಲ್ಲಿ ಸಹಿ ಹಾಕಿ ಮದುವೆಯಾದರು. ಅವನ ತಾಯಿ ತಡವಾಗಿ ಬಂದರು. ಯಾರೊಂದಿಗೂ ಮಾತಾಡದೆ ಹಿಂದಿನ ಬೆಂಚಿನಲ್ಲಿ ಕೂತಿದ್ದು, ಹೊರಡುವಾಗ ಅವಳನ್ನು ಪಕ್ಕಕ್ಕೆ ಕರೆದು, ಹೆಂಗಸರು ಕ್ರಿಯಾಪದ ಹೇಗೆ ಹೇಳಬೇಕೆಂದು ತಿದ್ದಿ ಹೋದರು. ಅಪ್ಪ ಬರಲಿಲ್ಲ.

ಅಂಗಡಿ ಬಿಟ್ಟು ಹೋಗುತ್ತಾಳೆ ಎಂದೇ ಬೀದಿಯವರೆಲ್ಲ ತಿಳಿದಿದ್ದರು. ಅವಳು ಮರುದಿನ ಎಂದಿನಂತೆ ಬಂದು ಶಟರ್ ಎತ್ತಿದಳು. "ಕೆಲಸ ಬಿಡ್ತೀನಿ ಅಂತ ನಾನೇನೂ ಹೇಳಿರಲಿಲ್ಲ," ಎಂದಳು. ಅಪ್ಪ ಹೋಗು ಎನ್ನಲಿಲ್ಲ, ಬಾ ಎಂದೂ ಅನ್ನಲಿಲ್ಲ. ಅವಳಿಗೆ ಏನಾದರೂ ಹೇಳಬೇಕಾದರೆ ಗಿರಾಕಿಗಳಿಗೆ ಹೇಳುತ್ತಿದ್ದರು. "ಒಳಗಿರೋರಿಗೆ ಹೇಳಿ, ಕಪ್ಪು ಫ್ರೇಮ್ ಮುಗಿದಿದೆ ಅಂತ." ಗಿರಾಕಿಗಳು ನಗು ನುಂಗಿಕೊಂಡು ಬಂದು ಹೇಳುತ್ತಿದ್ದರು. ಅವಳು ನೇರವಾಗಿಯೇ ಉತ್ತರ ಕೊಡುತ್ತಿದ್ದಳು. "ತರಿಸ್ತೀನಿ ಅಪ್ಪ."

ಹೀಗೇ ಬಿಸಿಲ ಕಾಲ ಕಳೆಯಿತು. ಒಂದು ಮಧ್ಯಾಹ್ನ ಅಂಗಡಿಯಲ್ಲಿ ಗಿರಾಕಿಗಳಿರಲಿಲ್ಲ. ಎದುರಿನ ಗೋಡೆಗೆ ಬಣ್ಣ ಬಳಿಯುತ್ತಿದ್ದ ಅವನು ನೆರಳಿಗೆ ಸರಿದು ಹಣೆ ಒರೆಸಿಕೊಂಡ. ಅಪ್ಪ ಬಹಳ ಹೊತ್ತು ಅತ್ತಲೇ ನೋಡಿದರು. ಆಮೇಲೆ, ಕೈಯಲ್ಲಿದ್ದ ಫ್ರೇಮಿನ ಮೇಲಿಂದ ಕಣ್ಣೆತ್ತದೆ ಕೇಳಿದರು.

"ಊಟಕ್ಕೆ ಎಲ್ಲಿಗೆ ಹೋಗ್ತಾನೆ ಅವನು?"

ಅವಳಿಗೆ ಎದ್ದು ಹೋಗಿ ಅಪ್ಪನ ಕೈ ಹಿಡಿದುಕೊಳ್ಳಬೇಕೆನಿಸಿತು. ಹಿಡಿಯಲಿಲ್ಲ. ಇದೊಂದನ್ನು ಬಿಟ್ಟುಕೊಡಲು ಅವಳಿಗೆ ಮನಸ್ಸಾಗಲಿಲ್ಲ.

"ಅವರು ಅನ್ನಿ ಅಪ್ಪ."

ಅಪ್ಪ ಫ್ರೇಮಿನ ಕಡ್ಡಿ ಮಡಚಿದರು, ಬಿಚ್ಚಿದರು. ಗಂಟಲು ಸರಿಮಾಡಿಕೊಂಡರು.

"ಸರಿ. ಅವರು... ಎಲ್ಲಿಗೆ ಹೋಗ್ತಾರೆ?"

"ಇವತ್ತು ಇಲ್ಲಿಗೇ ಬರ್ತಾರೆ," ಎಂದು ಅವಳು ಬೀದಿಗೆ ಇಳಿದಳು. ಬೀದಿಗೆಲ್ಲ ಕೇಳುವಂತೆ, ಅವನ ಭಾಷೆಯಲ್ಲೇ, ಅವನನ್ನು ಊಟಕ್ಕೆ ಕರೆದಳು.