ಆರನೇ ಡಬ್ಬಿಯ ಐದನೇ ರೀಲು

ಸಂಜೆ ಆರಕ್ಕೆ ಸನ್ಮಾನ, ಬೆಳಿಗ್ಗೆ ಹನ್ನೊಂದಕ್ಕೆ ರೀಲು ಮಾಯ! ಪ್ರೊಜೆಕ್ಟರ್ ಕೋಣೆಯಲ್ಲಿ ಹದಿನಾಲ್ಕು ಡಬ್ಬಿಗಳಿರಬೇಕಿತ್ತು—ಹದಿಮೂರಿದ್ದವು. ಆರನೆಯದು ಇಲ್ಲ.

ಸನ್ಮಾನ ಏರ್ಪಡಿಸಿದ್ದ ಸಂಘದವರು ಕರೆಸಿದ್ದ ನಿವೃತ್ತ ಇನ್ಸ್‌ಪೆಕ್ಟರ್ ಕನ್ನಡಕ ಒರೆಸಿಕೊಂಡರು. ಸನ್ಮಾನ ಯಾರಿಗೆ? ನಲವತ್ತು ವರ್ಷ ತೆರೆಯ ಮೇಲೆ ಡಾಕ್ಟರು, ವಕೀಲ, ಪೋಸ್ಟ್‌ಮ್ಯಾನ್ ಆಗಿ ಬಂದುಹೋದರೂ ಯಾರಿಗೂ ಹೆಸರು ನೆನಪಿಲ್ಲದ ಪೋಷಕ ನಟನಿಗೆ. ಸಂಜೆ ತೋರಿಸಬೇಕಿದ್ದ ಈ ಒಂದು ಚಿತ್ರದಲ್ಲಿ ಮಾತ್ರ ಮೂರು ನಿಮಿಷದ ಮಾತಿತ್ತಂತೆ. 'ಐದನೇ ರೀಲಿನಲ್ಲಿ ನನ್ನದೇ ದರ್ಬಾರು' ಎಂದು ಮೊಮ್ಮಕ್ಕಳಿಗೆ ಹೇಳಿದ್ದೇ ಹೇಳಿದ್ದು. ತನ್ನ ಚಿತ್ರ ತಾನೇ ನೋಡಬಾರದೆಂಬ ಹಟ ಬೇರೆ. ಇವತ್ತೇ ಮೊದಲ ಸಲ ನೋಡುವವರಿದ್ದರು.

"ಐದನೇದು ಇದೆಯಲ್ಲ, ಸಾಕು ಬಿಡಿ" ಎಂದರು ಸಂಘದ ಕಾರ್ಯದರ್ಶಿ. ಅವರು ಆ ಚಿತ್ರವನ್ನೇ ನೋಡಿರಲಿಲ್ಲ.

ಇನ್ಸ್‌ಪೆಕ್ಟರ್ ಐದನೇ ಡಬ್ಬಿ ತೆರೆದರು. ಫಿಲ್ಮು ಮಾರುದ್ದ ಬಿಚ್ಚಿಕೊಂಡು ಮುದುಡಿತ್ತು. ತುದಿಯ ನಂಬರು ಎಂದೋ ಹರಿದುಹೋಗಿತ್ತು.

"ಹೀಗಾ ಸುತ್ತಿಡೋದು?"

"ನಾನಲ್ಲ ಸಾರ್!" ಆಪರೇಟರ್ ಚಿತ್ರಗಳನ್ನು ಬೆಳಕಿಗೆ ಹಿಡಿದವನು ಹಣೆ ಚಚ್ಚಿಕೊಂಡ. "ಅಯ್ಯೋ, ಇದು ಆರನೇದು! ನಿನ್ನೆ ಓಡಿಸಿ ನೋಡಿ ಎತ್ತಿಡುವಾಗ ಅದಲುಬದಲಾಗಿದೆ."

"ಅಂದ್ರೆ, ಹೋಗಿರೋದು ಐದನೇದು! ಅದರಲ್ಲಿ ಆ ನಟರ ಮಾತು ಹೇಗಿತ್ತು?"

"ಅವರು ನನಗೆ ಕಾಣಿಸಲೇ ಇಲ್ಲ ಸಾರ್. ಹೀರೋ ಅಳ್ತಿದ್ದ, ಪಿಟೀಲು ಕೇಳ್ತಿತ್ತು. ಎದುರಿಗೆ ಯಾರದೋ ಬೆನ್ನು."

"ಬೆಳಿಗ್ಗೆ ಇಲ್ಲಿಗೆ ಯಾರ್ಯಾರು ಬಂದಿದ್ರು?"

"ಕಾರ್ಯದರ್ಶಿಗಳು. ಆಮೇಲೆ ಆ ನಟರ ಮನೆಯವರು, ಹಳೇ ಫೋಟೋ ಕೊಡೋಕೆ."

ನಟನ ಹೆಂಡತಿ ಕೆಳಗೆ ಖಾಲಿ ಸಭಾಂಗಣದಲ್ಲಿ ಫೋಟೋ ಜೋಡಿಸುತ್ತಿದ್ದರು. ಇನ್ಸ್‌ಪೆಕ್ಟರ್ ಪಕ್ಕದ ಕುರ್ಚಿಯಲ್ಲಿ ಕುಳಿತರು.

"ಅಮ್ಮಾ, ಕದ್ದವರು ಡಬ್ಬಿಯ ನಂಬರು ನಂಬಲಿಲ್ಲ. ಐದನೇ ಡಬ್ಬಿ ಬಿಚ್ಚಿ ನೋಡಿ ಬಿಟ್ಟು, ಆರನೇದನ್ನ ಎತ್ತಿಕೊಂಡ್ರು. ಆ ರೀಲಲ್ಲಿ ನಿಮ್ಮ ಯಜಮಾನರ ಮುಖವೇ ಇಲ್ಲ. ಉಗುರಿನಷ್ಟು ಚಿತ್ರದಲ್ಲಿ ಬರೀ ಬೆನ್ನು ನೋಡಿ 'ಇವರೇ' ಅನ್ನೋರು ಲೋಕದಲ್ಲಿ ಎಷ್ಟು ಜನ?"

ಆಕೆ ಕೈಯಲ್ಲಿದ್ದ ಫೋಟೋವನ್ನು ಕೆಳಗಿಟ್ಟರು.

"ಚೀಲದಲ್ಲಿದೆ, ತಗೊಳ್ಳಿ. ಬಿಡುಗಡೆ ದಿನ ನಾನೊಬ್ಬಳೇ ಹೋಗಿ ನೋಡಿದೆ. ಇವರ ಮಾತೆಲ್ಲ ಕತ್ತರಿಸಿ ಎಸೆದಿದ್ರು. ಮನೆಗೆ ಬಂದು 'ಇಡೀ ಥಿಯೇಟರೇ ಅತ್ತುಬಿಡ್ತು ರೀ' ಅಂದೆ. ಅದೊಂದು ಮಾತಿನ ಮೇಲೆ ಮೂವತ್ತು ವರ್ಷ ಬಾಳಿದಾರೆ. ಇವತ್ತು ನೋಡಿಬಿಟ್ರೆ..."

ಕಳ್ಳರನ್ನು ಹಿಡಿದಾಗಲೆಲ್ಲ ಇನ್ಸ್‌ಪೆಕ್ಟರಿಗೆ ಖುಷಿಯಾಗಿತ್ತು. ಈ ಸಲ ಯಾಕಾದರೂ ಹಿಡಿದೆನೋ ಅನ್ನಿಸಿತು. ಚೀಲ ಮುಟ್ಟದೆ ಎದ್ದು ಹೊರಗೆ ಬಂದರು.

ನಟ ಬಾಗಿಲ ಬಳಿಯ ಬೆಂಚಿನ ಮೇಲೆ ಕುಳಿತಿದ್ದರು.

"ರೀಲು ಸಿಗಲಿಲ್ಲ ಸ್ವಾಮಿ."

"ಇರಲಿ ಬಿಡಿ. ನಾನೂ ಮೂವತ್ತು ಸಲ ಇನ್ಸ್‌ಪೆಕ್ಟರ್ ಆಗಿದ್ದೆ. ಒಬ್ಬ ಕಳ್ಳನೂ ನನಗೆ ಸಿಗಲಿಲ್ಲ. ಹೀರೋನೇ ಹಿಡಿದು ಕೊಡ್ತಿದ್ದ." ನಕ್ಕು, ದನಿ ತಗ್ಗಿಸಿದರು. "ಸಿಗದಿದ್ದದ್ದೇ ಒಳ್ಳೇದಾಯ್ತು. ಮೊದಲ ದಿನವೇ ನಾನೂ ಕದ್ದು ಹೋಗಿ ನೋಡಿದ್ದೆ. ಅವಳಿಗೆ ಹೇಳಬೇಡಿ."

"ಅವರು ಬಂದಿದ್ದು ನಿಮಗೆ ಗೊತ್ತಿತ್ತಾ?"

"ಎರಡು ಸಾಲು ಮುಂದೆ ಕೂತಿದ್ಲು. ಇಡೀ ಥಿಯೇಟರಲ್ಲಿ ಅಳ್ತಿದ್ದವಳು ಅವಳೊಬ್ಬಳೇ. ಬೆನ್ನು ನೋಡಿದ್ರೆ ಗೊತ್ತಾಗಲ್ವೇ?"