ನುಂಗಣ್ಣನ ಹೊಸ ಬಣ್ಣ

ಹೊದಿಕೆಯ ಎರಡು ತುದಿ ಅಕ್ಕ ಸೂಜಿಯ ಕೈಯಲ್ಲಿದ್ದವು, ಇನ್ನೆರಡು ತಂಗಿಯ ಕೈಯಲ್ಲಿ. ಎರಡನೇ ಮಡಿಕೆ ಮುಗಿಯುವ ಮೊದಲೇ ತಂಗಿ ತನ್ನ ತುದಿಗಳನ್ನು ಕೈಬಿಟ್ಟಳು.

"ಅಕ್ಕಾ, ಅಲ್ಲಿ ನೋಡು. ನುಂಗಣ್ಣ ಎದ್ದಿದ್ದಾನೆ."

ಹೊಲಿಗೆ ಕೋಣೆಯ ಬಾಗಿಲು ಮುಚ್ಚಿತ್ತು. ಅದರ ಕೆಳಗಿನ ಸಂದಿಯಿಂದ ಬೆಳಕು ನೆಲದ ಮೇಲೆ ಚೆಲ್ಲಿತ್ತು. ಒಳಗಿನಿಂದ ಒಂದು ಪಿಸುಮಾತೂ ಕೇಳಿಸುತ್ತಿರಲಿಲ್ಲ.

ನುಂಗಣ್ಣ ಅಂದರೆ ಒಂದು ಗಾಜಿನ ಪೆಟ್ಟಿಗೆ. ರೇಡಿಯೋ, ಫ್ಯಾನು ರಿಪೇರಿ ಮಾಡುವ ಅಪ್ಪ ಅದನ್ನು ತಾನೇ ಮಾಡಿದ್ದ. ಅಮ್ಮನ ಹೊಲಿಗೆ ಮೆಷಿನ್ ಗಡಗಡ ಅನ್ನುತ್ತಿತ್ತು. ಮೇಲಿನ ಮನೆಯವರು ಒಂದು ದಿನ ಇಳಿದು ಬಂದು, "ನಮ್ಮ ಕಾಲ ಕೆಳಗೆ ರೈಲು ಓಡಿಸ್ತಿದ್ದೀರಾ?" ಎಂದು ಕೇಳಿದ್ದರು. ಆಮೇಲೆ ಬಂದವನೇ ನುಂಗಣ್ಣ. ಸ್ವಿಚ್ ಒತ್ತಿದರೆ ಸಾಕು, ಕೋಣೆಯ ಸದ್ದನ್ನೆಲ್ಲ ನುಂಗಿ ಬೆಳಕು ಮಾಡುತ್ತಿದ್ದ. ಅವನ ಪಕ್ಕದಲ್ಲಿ ಕೂತವರಿಗಷ್ಟೇ ಸದ್ದು ಕೇಳುತ್ತಿತ್ತು. ಬಾಗಿಲ ಆಚೆ ಏನೂ ಇಲ್ಲ.

ಮೆಷಿನ್ ಓಡಿದರೆ ಹಳದಿ. ಅಪ್ಪ ಸೀನಿದರೆ ಕೆಂಪು. ತಂಗಿ ಹಾಡಿದರೆ ಗಿಳಿಹಸಿರು.

ಇವತ್ತಿನ ಬಣ್ಣವನ್ನು ಮಾತ್ರ ಸೂಜಿ ಯಾವತ್ತೂ ನೋಡಿರಲಿಲ್ಲ. ಮಳೆ ಸುರಿಯುವ ಮುಂಚಿನ ಮೋಡದ ಬಣ್ಣ. ಒಮ್ಮೆ ತೆಳ್ಳಗೆ ನಡುಗುತ್ತಿತ್ತು, ಒಮ್ಮೆ ದಪ್ಪಗೆ ಉಬ್ಬಿ ಬರುತ್ತಿತ್ತು.

"ಅದು ಯಾವ ಸದ್ದು ಅಕ್ಕಾ?"

"ಗೊತ್ತಿಲ್ಲ. ನೀನು ಹೊದಿಕೆ ಹಿಡ್ಕೋ."

ಸೂಜಿಯ ಕೈ ತಣ್ಣಗಾಗಿತ್ತು. ನಿನ್ನೆ ಅಪ್ಪ, ಅಮ್ಮ ಆಸ್ಪತ್ರೆಯಿಂದ ಬಂದಾಗ ಒಂದು ದೊಡ್ಡ ಕವರ್ ತಂದಿದ್ದರು. ಅವಳು ನೋಡುವಷ್ಟರಲ್ಲಿ ಅಪ್ಪ ಅದನ್ನು ಹೊಲಿಗೆ ಕೋಣೆಯ ಬೀರುವಿನ ಮೇಲಕ್ಕೆ ತಳ್ಳಿಬಿಟ್ಟಿದ್ದ. 'ಡಾಕ್ಟರ್ ಏನಂದ್ರು?' ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ ಅಮ್ಮ, "ಹೋಂವರ್ಕ್ ಆಯ್ತಾ?" ಎಂದು ಕೇಳಿದ್ದಳು. ಅಲ್ಲಿಗೆ ಮುಗಿದಿತ್ತು.

ಬೆಳಕು ಆರಿತು. ಬಾಗಿಲು ತೆರೆದು ಅಮ್ಮ ಬಂದಳು. ಸೆರಗಿನಿಂದ ಮುಖ ಒರೆಸಿಕೊಳ್ಳುತ್ತಿದ್ದಳು.

"ಇನ್ನೂ ಒಂದು ಹೊದಿಕೆ ಮಡಚಿ ಆಗಿಲ್ವಾ? ಸ್ಕೂಲ್ ಬಸ್ ಏನು ನಿಮ್ಮ ಮಾವಂದಾ, ಕಾಯ್ಕೊಂಡು ನಿಂತಿರೋಕೆ?"

ತಂಗಿ ನಕ್ಕಳು. ಸೂಜಿಗೆ ನಗು ಬರಲಿಲ್ಲ. ಅಮ್ಮನ ಹಿಂದೆ ಬಂದ ಅಪ್ಪ ಯಾರ ಕಡೆಗೂ ನೋಡದೆ ಚಪ್ಪಲಿ ಮೆಟ್ಟಿಕೊಂಡು ಅಂಗಡಿಗೆ ಹೋದ.

ಕ್ಲಾಸಿನಲ್ಲಿ ಟೀಚರ್ ಎರಡು ಸಲ ಕರೆದರೂ ಸೂಜಿಗೆ ಕೇಳಿಸಲಿಲ್ಲ. ಪಕ್ಕದವಳು ಮೊಣಕೈಯಿಂದ ತಿವಿದಳು.

"ಏನೇ ಸೂಜಿ, ದಾರ ಕಳ್ಕೊಂಡಿದ್ದೀಯಾ?"

ಟೈಲರ್ ಮಗಳು, ಕಡ್ಡಿಯಂತೆ ತೆಳ್ಳಗೆ, ಮಾತು ಚೂಪು. ಅದಕ್ಕೇ ಆ ಹೆಸರು. ಬೇರೆ ದಿನವಾಗಿದ್ದರೆ ತಿರುಗಿ ಏನಾದರೂ ಚುಚ್ಚುತ್ತಿದ್ದಳು. ಇವತ್ತು ಸುಮ್ಮನೆ ಪುಸ್ತಕ ತೆರೆದಳು. ಅಕ್ಷರಗಳ ಮೇಲೆಲ್ಲ ಆ ಮೋಡದ ಬಣ್ಣವೇ ಓಡಾಡುತ್ತಿತ್ತು.

ಸಂಜೆ ಅಮ್ಮ ಒಣಗಿದ ಬಟ್ಟೆ ತರಲು ತಾರಸಿಗೆ ಹೋದಳು. ಸೂಜಿ ತಂಗಿಯನ್ನು ಎಳೆದುಕೊಂಡು ಹೊಲಿಗೆ ಕೋಣೆಗೆ ನುಗ್ಗಿದಳು. ಬಾಗಿಲು ಹಾಕಿ ಸ್ವಿಚ್ ಒತ್ತಿದಳು.

"ಕೆಮ್ಮು," ಎಂದಳು.

ತಂಗಿ ಕೆಮ್ಮಿದಳು. ಕಂದು ಬಣ್ಣ.

"ಪಿಸುಗುಟ್ಟು."

"ಏನಂತ?"

"ಏನಾದ್ರೂ."

"ನಂಗೆ ಹಸಿವಾಗ್ತಿದೆ," ತಂಗಿ ಪಿಸುಗುಟ್ಟಿದಳು. ಬೆಳ್ಳಿಯ ಬಿಳುಪು.

"ಈಗ ಜಗಳ ಆಡು. ನನ್ನ ಬೈ."

"ನಿಜವಾಗ್ಲೂ ಬೈಬಹುದಾ? ಕತ್ತೆ ಅಕ್ಕ. ಪೆನ್ಸಿಲ್ ಕಳ್ಳಿ. ಮೊನ್ನೆ ನನ್ನ ರಬ್ಬರ್ ತಗೊಂಡು ಇನ್ನೂ ಕೊಟ್ಟಿಲ್ಲ ನೀನು."

ಕಿತ್ತಳೆ ಬಣ್ಣ ಧಗ್ಗನೆ ಎದ್ದಿತು. ಹಾಗಾದರೆ ಬೆಳಗ್ಗೆ ಜಗಳವಂತೂ ಅಲ್ಲ. ಸೂಜಿಗೆ ಒಂದು ಕ್ಷಣ ಹಗುರಾಯಿತು. ಮರುಕ್ಷಣವೇ ಮೊದಲಿಗಿಂತ ಹೆಚ್ಚು ಭಯವಾಯಿತು.

ಆಟ ಬೇಜಾರಾಗಿ ತಂಗಿ ಬೀದಿಗೆ ಓಡಿದಳು.

ಸೂಜಿ ಬಾಗಿಲನ್ನು ಮತ್ತೆ ಮುಚ್ಚಿ ಸ್ಟೂಲು ಎಳೆದಳು. ಅದನ್ನು ಹತ್ತಿ ಬೀರುವಿನ ಮೇಲೆ ತಡಕಾಡಿದಳು. ಕವರ್ ಸಿಕ್ಕಿತು. ತೆರೆಯಲು ಧೈರ್ಯ ಸಾಲಲಿಲ್ಲ. ಮೇಲೆ ನೀಲಿ ಇಂಕಿನಲ್ಲಿ ಹೆಸರು ಬರೆದಿತ್ತು. ಅಮ್ಮನ ಹೆಸರು.

ಅವಳು ಕವರನ್ನು ಇದ್ದ ಜಾಗದಲ್ಲೇ ಇಟ್ಟು ಇಳಿದಳು. ನುಂಗಣ್ಣನ ಪಕ್ಕದಲ್ಲಿ ಮೊಣಕಾಲು ತಬ್ಬಿಕೊಂಡು ಕೂತಳು. ಅಳು ಬಂತು. ತಡೆಯಬೇಕೆಂದುಕೊಂಡಳು, ಆಗಲಿಲ್ಲ.

ಗಾಜಿನೊಳಗೆ ಬೆಳಕು ಎದ್ದಿತು. ಮೋಡದ ಬಣ್ಣ. ತೆಳ್ಳಗೆ ನಡುಗುತ್ತಿತ್ತು.

ಸೂಜಿ ಅದನ್ನು ನೋಡಿದಳು. ಬೆಳಗ್ಗೆ ತೆಳ್ಳಗೆ ನಡುಗಿದ್ದು ಅಮ್ಮ. ದಪ್ಪಗೆ ಉಬ್ಬಿ ಬಂದದ್ದು? ಅಪ್ಪ ಅತ್ತಿದ್ದನ್ನು ಅವಳು ಹುಟ್ಟಿದಾಗಿನಿಂದ ನೋಡಿಲ್ಲ. ಸುತ್ತಿಗೆ ಬೆರಳ ಮೇಲೆ ಬಿದ್ದಾಗಲೂ ಅವನು ಅತ್ತಿರಲಿಲ್ಲ.

ಈಗ ತಾನು ಎಷ್ಟು ಜೋರಾಗಿ ಅತ್ತರೂ ಬಾಗಿಲಾಚೆ ಯಾರಿಗೂ ಕೇಳುವುದಿಲ್ಲ ಎಂದು ಅವಳಿಗೆ ಹೊಳೆಯಿತು. ಬೆಳಗ್ಗೆ ಅವರಿಬ್ಬರೂ ಹೀಗೇ ಕೂತಿದ್ದರು. ಬಾಗಿಲ ಈಚೆ ತಾನು ಹೊದಿಕೆ ಮಡಚುತ್ತಿದ್ದಳು.

ಬಾಗಿಲು ತೆರೆಯಿತು. ಬಟ್ಟೆಯ ರಾಶಿ ತಬ್ಬಿಕೊಂಡು ಅಮ್ಮ ನಿಂತಿದ್ದಳು. ಮಗಳನ್ನು ನೋಡುವ ಮೊದಲು ಅವಳು ಬೆಳಕನ್ನು ನೋಡಿದಳು. ರಾಶಿ ಕೈಯಿಂದ ಜಾರಿತು.

"ಸೂಜಿ," ಎಂದಳು. ಬಂದು ಪಕ್ಕದಲ್ಲಿ ಕೂತಳು. ಅವಳ ಕೈಯಿಂದ ಬಿಸಿಲಿನ ವಾಸನೆ ಬರುತ್ತಿತ್ತು.

ಸೂಜಿ ಸ್ವಿಚ್ ಆರಿಸಿದಳು. ಗಾಜು ಕಪ್ಪಾಯಿತು. ಬೀದಿಯಿಂದ ತಂಗಿ ಯಾರನ್ನೋ ಔಟ್ ಎನ್ನುತ್ತಿದ್ದದ್ದು ಕೇಳಿಸಿತು.

ಅಮ್ಮನ ಕೈ ತಾನಾಗಿ ಸ್ವಿಚ್ಚಿನ ಕಡೆಗೆ ಹೋಯಿತು. ಸೂಜಿ ಆ ಕೈಯನ್ನು ಹಿಡಿದುಕೊಂಡಳು. ಅದೂ ತಣ್ಣಗಿತ್ತು.

"ಬೇಡಮ್ಮ," ಎಂದಳು. ಮೂಗು ಒರೆಸಿಕೊಂಡು, ಅಮ್ಮನ ಮುಖವನ್ನೇ ನೋಡುತ್ತಾ ಕೇಳಿದಳು:

"ಡಾಕ್ಟರ್ ಏನಂದ್ರು?"