ಮೂಕಿ ಚಿತ್ರದಲ್ಲಿ ಅವನಾಡಿದ ಮಾತು

ಅವನನ್ನು ನೋಡಿದ ಕೂಡಲೇ ಗುರುತು ಸಿಕ್ಕಿತು. ಕೋಪ ಬರಬೇಕಿತ್ತು, ಬರಲಿಲ್ಲ. ಏಳು ವರ್ಷದಿಂದ ನನಗೆ ಯಾವುದೂ ಸರಿಯಾಗಿ ಬರುತ್ತಿರಲಿಲ್ಲ. ಅಳುವೂ ಇಲ್ಲ, ನಗುವೂ ಇಲ್ಲ, ಸುಮ್ಮನೆ ಮರಗಟ್ಟಿದ ಹಾಗೆ.

ನಮ್ಮದು ಮೂಕಿ ಚಿತ್ರ. ಸುಳ್ಳು ಭವಿಷ್ಯ ಹೇಳಿ ಊರಿಗೆಲ್ಲ ಟೋಪಿ ಹಾಕಿದವನು ಕೊನೆಗೆ ಕ್ಷಮೆ ಕೇಳುವ ಕಥೆ. ನಟರ ತುಟಿ ನೋಡಿ, ಅವರಾಡಿದ ಮಾತನ್ನು ಕಪ್ಪು ಹಲಗೆಯ ಮೇಲೆ ದುಂಡಗೆ ಬರೆಯುವುದು ನನ್ನ ಕೆಲಸ. ಆ ಹಲಗೆಯನ್ನು ಶೂಟ್ ಮಾಡಿ ದೃಶ್ಯಗಳ ನಡುವೆ ಸೇರಿಸುತ್ತಾರೆ. ಮುಖ್ಯ ಪಾತ್ರಕ್ಕೆ ಡೈರೆಕ್ಟರ್ ಹಿಡಿದು ತಂದದ್ದು ನಿಜವಾಗಿಯೂ ಆ ದಂಧೆ ಮಾಡಿ ಬಿಟ್ಟವನನ್ನು. ಎಲ್ಲರ ಬಾಯಲ್ಲೂ ಅವನು ಜೋಯಿಸ.

ನಾನು ಪ್ರೀತಿಸಿದವನು ಬಿಟ್ಟು ಹೋದಾಗ, ಏಳು ವರ್ಷದ ಹಿಂದೆ, ಇವನೇ ನನ್ನ ಕೈ ನೋಡಿ, "ಬಿಟ್ಟು ಹೋದವನು ಬಂದೇ ಬರ್ತಾನೆ, ಕಾಯಿರಿ" ಅಂದಿದ್ದ. ಬಂದ ಸಂಬಂಧಕ್ಕೆಲ್ಲ ಬೇಡ ಅಂದು ಕಾದೆ. ಅಮ್ಮ ಬೈದು ಬೈದು ಸುಸ್ತಾದಳು.

ಕ್ಷಮೆಯ ದೃಶ್ಯದ ದಿನ ನಾಯಕಿ ಜ್ವರ ಅಂತ ಬರಲಿಲ್ಲ.

"ಅಕ್ಕಾ, ಕ್ಯಾಮೆರಾ ಪಕ್ಕ ನಿಂತ್ಕೊಳ್ಳಿ. ಅವರು ನಿಮ್ಮನ್ನ ನೋಡ್ಕೊಂಡು ಮಾಡ್ಲಿ" ಅಂದ ಡೈರೆಕ್ಟರ್. "ಜೋಯಿಸ್ರೇ, ಬಾಯಿಗೆ ಬಂದಿದ್ದು ಹೇಳಿ. ತುಟಿ ಆಡಿದ್ರೆ ಸಾಕು."

ಅವನು ನನ್ನನ್ನೇ ನೋಡಿದ. ದನಿಯಿಲ್ಲದೆ ತುಟಿ ಆಡಿತು.

'ಇಲ್ಲಿ ಶೂಟಿಂಗಲ್ಲಿ ನೋಡಿದ ದಿನವೇ ನಿಮ್ಮ ಗುರುತು ಹಿಡಿದೆ. ನಿಮ್ಮ ಕೈಯಲ್ಲಿ ನಂಗೇನೂ ಕಂಡಿರಲಿಲ್ಲ. ಆವತ್ತು ಅಳ್ತಾ ಬಂದಿದ್ರಿ, ನಗಿಸಿ ಕಳಿಸೋಣ ಅಂತ ಸುಳ್ಳು ಹೇಳಿದೆ. ನಕ್ಕಿರಿ. ಆ ನಗು ಇನ್ನೊಂದ್ಸಲ ನೋಡ್ಬೇಕು ಅಂತ ಎರಡು ವರ್ಷ ಅದೇ ಜಾಗದಲ್ಲಿ ಕೂತೆ. ಇನ್ನು ಕಾಯಬೇಡಿ.'

"ಕಟ್! ಅಬ್ಬಬ್ಬಾ! ಅಕ್ಕಾ, ಏನಂದ್ರು?"

"ಕ್ಷಮಿಸಿ ಅಂದ್ರು."

"ಇಷ್ಟುದ್ದ ಕ್ಷಮಿಸಿನಾ?"

"ತೊದಲಿದ್ರು."

ಎಲ್ಲರೂ ಊಟಕ್ಕೆ ಹೋದರು. ಹಲಗೆ ಬರೆಯುತ್ತಿದ್ದೆ, ಜೋಯಿಸ ಪಕ್ಕದಲ್ಲಿ ಬಂದು ನಿಂತ.

"ಹಾಗಾದ್ರೆ ಅವನು ಬರಲ್ವಾ?" ಅಂದೆ.

"ಗೊತ್ತಿಲ್ಲ. ಆಗಲೂ ಗೊತ್ತಿರಲಿಲ್ಲ."

ಎದೆ ಚುರ್ ಎಂದಿತು. ನೋವೇ. ಏಳು ವರ್ಷದ ಮೇಲೆ ಅಷ್ಟಾದರೂ ಆಯಿತಲ್ಲ ಅನ್ನಿಸಿತು.

"ಬಂದ್ರೂ ನಾನು ಗುರುತು ಹಿಡಿಯಲ್ಲ" ಅಂದೆ. "ಅವನ ಮುಖ ಮರೆತು ಎಷ್ಟೋ ಕಾಲ ಆಯ್ತು. ಕಾಯ್ತಾ ಕೂತಾಗೆಲ್ಲ ಕಣ್ಮುಂದೆ ಬರ್ತಿದ್ದಿದ್ದು ಕಾಯಿರಿ ಅಂದವರ ಮುಖ."

ಹೇಳಿ ಮುಗಿಸುವಷ್ಟರಲ್ಲಿ ಅಳು ಬಂತು. ಅವನು ನನ್ನ ಕೈಯಿಂದ ಬ್ರಷ್ ತೆಗೆದು ಪಕ್ಕಕ್ಕಿಟ್ಟ.

"ಈಗೇನು ಮಾಡೋದು?" ಅಂದ.

"ನಂಗೇನ್ರೀ ಗೊತ್ತು? ಕೂತ್ಕೊಳ್ಳಿ ಇಲ್ಲಿ."

ಕೂತ.